ರಿಜಿಸ್ಟ್ರಾರ್ ಆಫೀಸಿನಲ್ಲಿ ಒಡಪು

ಮದುವೆಯಾಗಲು ಮನೆ ಬಿಟ್ಟ ಬೆಳಿಗ್ಗೆ ನನ್ನ ಮೈಮೇಲೆ ಎರಡು ಸೀರೆಗಳಿದ್ದವು. ಒಳಗೆ ದೀಪಾವಳಿಗೆ ಕೊಡಿಸಿದ್ದ ಹಸಿರು ರೇಷ್ಮೆ, ಹೊರಗೆ ದಿನಬಳಕೆಯ ನೂಲಿನ ಸೀರೆ. ಚೀಲ ಹಿಡಿದು ಹೊರಟರೆ ಅಮ್ಮ ಕೇಳುತ್ತಾಳೆ, ಚೀಲವಿಲ್ಲದೆ ಹೊರಟರೆ ಮದುವೆಗೆ ಸೀರೆಯಿಲ್ಲ. ಹಾಗಾಗಿ ನಾನೇ ಚೀಲವಾದೆ. ದುರ್ಗದ ಕಾಲೇಜಿನಲ್ಲಿ ಉಳಿದಿದ್ದ ಎಸ್ಸೆಸ್ಸೆಲ್ಸಿ ಮಾರ್ಕ್ಸ್ ಕಾರ್ಡ್ ತರುತ್ತೇನೆಂದು ಹೊಳಲ್ಕೆರೆಯ ನಮ್ಮ ಮನೆಯಲ್ಲಿ ಹೇಳಿದ್ದೆ. ಅದೇನೂ ಸುಳ್ಳಲ್ಲ, ವಯಸ್ಸಿನ ದಾಖಲೆಗೆ ಅದು ಬೇಕೇ ಇತ್ತು. ಅಮ್ಮ ನನ್ನನ್ನು ಮೇಲಿಂದ ಕೆಳಗೆ ನೋಡಿ, ಹಾಸ್ಟೆಲ್ ಊಟ ಮೈಗೆ ಹತ್ತಿದೆ ಎಂದು ಸಂತೋಷಪಟ್ಟಳು.

ಎಪ್ಪತ್ತರ ದಶಕದ ನಡುವಿನ ಮಾತಿದು. ನಾನೂ ನನ್ನವರೂ ದುರ್ಗದಲ್ಲಿ ಟೀಚರ್ ಟ್ರೈನಿಂಗ್ ಒಟ್ಟಿಗೆ ಮುಗಿಸಿದ್ದೆವು. ನಮ್ಮದು ಕಾಳುಕಡ್ಡಿ ವ್ಯಾಪಾರದ ಮನೆ, ಮಠಕ್ಕೆ ನಡೆದುಕೊಳ್ಳುವವರು. ಅವರದು ತಾಳ್ಯದ ಕಡೆಯ ಕುರಿ ಸಾಕುವ ಮನೆ. ಅವರಿಂದ ಕಂಬಳಿ ಕೊಳ್ಳುವ ಸಂಬಂಧ ನಮಗೆ ಅಜ್ಜನ ಕಾಲದಿಂದ ಇತ್ತು, ಹೆಣ್ಣು ಕೊಡುವ ಸಂಬಂಧ ಇರಲಿಲ್ಲ. ಎರಡೂ ಮನೆಗಳಲ್ಲಿ ಕೇಳಿ ನೋಡಿ, ಎರಡೂ ಕಡೆ ಬೈಸಿಕೊಂಡು ಆಗಿತ್ತು.

ಅವರ ಯೋಜನೆ ಬಹಳ ಸರಳವಾಗಿತ್ತು. ಹಿರಿಯೂರಿಗೆ ಹೋಗುವುದು, ಅಲ್ಲಿ ನಮ್ಮ ಗುರುತಿನವರು ಯಾರೂ ಇಲ್ಲ, ತಾಳಿ ಕಟ್ಟುವುದು, ಸಬ್ ರಿಜಿಸ್ಟ್ರಾರ್ ಆಫೀಸಿನಲ್ಲಿ ಸಹಿ ಹಾಕುವುದು. ಕೇಳಿ ನನಗೆ ಸಿಟ್ಟು ನೆತ್ತಿಗೇರಿತು. ಸಂತೆಯಲ್ಲಿ ಬದನೆಕಾಯಿ ಕೊಂಡ ಹಾಗೆ ನಾನು ಮದುವೆಯಾಗುವುದಿಲ್ಲ ಎಂದೆ. ಊರೆಲ್ಲ ನನ್ನನ್ನು ಓಡಿಹೋದವಳು ಅನ್ನುತ್ತದೆ, ಅನ್ನಲಿ. ಆದರೆ ನನ್ನ ಮನಸ್ಸಿಗೆ ಅದು ಮದುವೆ ಅನ್ನಿಸಬೇಕಿತ್ತು. ಅರಿಶಿನ ಬೇಕು, ಬಾಸಿಂಗ ಬೇಕು, ಒಂದು ಸೋಬಾನೆ ಪದವಾದರೂ ಬೇಕು ಎಂದು ಹಟ ಹಿಡಿದೆ. ಅವರು ತಲೆ ಕೆರೆದುಕೊಂಡರು. ಆಮೇಲೆ ನಿಧಾನಕ್ಕೆ, ಹಾಗಾದರೆ ಕಂಬಳಿಯೂ ಬೇಕು, ನಮ್ಮಲ್ಲಿ ಕರೀ ಕಂಬಳಿ ಹಾಸದೆ ಮದುವೆ ಇಲ್ಲ ಎಂದರು. ಆ ಮಾತು ಕೇಳಿದ ಮೇಲೆ ಈ ಮನುಷ್ಯನ ಜೊತೆ ಬಾಳಬಹುದು ಎನ್ನಿಸಿತು.

ಕಾಲೇಜಿನಿಂದ ಕಾರ್ಡ್ ತೆಗೆದುಕೊಂಡು ಬಂದಾಗ ದುರ್ಗದ ಬಸ್ ಸ್ಟ್ಯಾಂಡಿನಲ್ಲಿ ಅವರು ಕಂಕುಳಲ್ಲಿ ಕಂಬಳಿ ಸುರುಳಿ ಇಟ್ಟುಕೊಂಡು ನಿಂತಿದ್ದರು. ಬೇಸಿಗೆಯ ಬಿಸಿಲು ಆಗಲೇ ಚುರುಗುಟ್ಟುತ್ತಿತ್ತು. ಕಂಡಕ್ಟರ್ ಅವರನ್ನು ನೋಡಿ, "ಏನ್ ಮೇಷ್ಟ್ರೇ, ಚಳಿ ಭಾಳ ಐತಾ?" ಎಂದ. ಎರಡು ಸೀರೆಯೊಳಗೆ ಬೇಯುತ್ತಿದ್ದ ನನಗೆ ತಡೆಯಲಾಗದಷ್ಟು ನಗು ಬಂತು. ಐಮಂಗಲ ದಾಟುವವರೆಗೂ ಕಿಟಕಿಗೆ ಮುಖ ಮಾಡಿ ನಕ್ಕೆ. ಹೆದರಬೇಕಾದ ದಿನ ಹೀಗೆ ನಗುತ್ತಿದ್ದೇನಲ್ಲ ಎಂದು ಮತ್ತೆ ನಕ್ಕೆ.

ಹಿರಿಯೂರಿನಲ್ಲಿ ನನ್ನ ಹಾಸ್ಟೆಲ್ ಗೆಳತಿ ಮತ್ತು ಅವಳ ಗಂಡ ಕಾಯುತ್ತಿದ್ದರು. ಸಾಕ್ಷಿಗೆಂದು ಹೊಸದುರ್ಗದಿಂದ ಬಂದಿದ್ದರು. ಗೆಳತಿ ಕಲಸಿದ ಅರಿಶಿನವನ್ನು ಉಪ್ಪಿನಕಾಯಿ ಬಾಟಲಿಯಲ್ಲಿ ತಂದಿದ್ದಳು. ಹೊಳೆದಂಡೆಯ ಒಂದು ಪುಟ್ಟ ಗುಡಿಯ ಹಿಂದೆ ನಿಂತು ನಾನು ಮೇಲಿನ ಸೀರೆ ಬಿಚ್ಚಿದೆ. ಒಳಗಿನ ರೇಷ್ಮೆ ಬೆವರಿಗೆ ಮೈಗೆ ಅಂಟಿತ್ತು, ಆದರೂ ರೇಷ್ಮೆ ರೇಷ್ಮೆಯೇ. ಅವಳು ಕೆನ್ನೆಗೆ ಅರಿಶಿನ ಹಚ್ಚಿದಳು, ನನ್ನ ಮುಖಕ್ಕೆಲ್ಲ ಉಪ್ಪಿನಕಾಯಿಯ ಘಾಟು ಅಡರಿತು. ಬಾಸಿಂಗ ಕಟ್ಟಿಕೊಂಡು, ಕಂಬಳಿ ಹಾಸಿ ಕುಳಿತೆವು. ಸೋಬಾನೆಯ ಮೊದಲ ಸಾಲು ಹಾಡಿದ ಗೆಳತಿಗೆ ಎರಡನೆಯದು ಮರೆತುಹೋಯಿತು. ತಾಳಿಯ ಮೂರು ಗಂಟು ಬೀಳುವ ತನಕ ಆ ಒಂದೇ ಸಾಲನ್ನು ಹಾಡಿದಳು. ನನ್ನವರು ಒಂದೊಂದು ಗಂಟನ್ನೂ ಎಳೆದೆಳೆದು ನೋಡಿ ಬಿಗಿದಿದ್ದರಿಂದ ಅದು ಬಹಳ ಹೊತ್ತಿನ ಹಾಡಾಯಿತು. ಗುಡಿಯ ಪೂಜಾರಿಗಳು ಕೂಡ ಕೊನೆಗೆ ದನಿಗೂಡಿಸಿದರು.

ಅಲ್ಲಿಗೆ ಎಲ್ಲ ಸುಸೂತ್ರವಾಗಿತ್ತು. ಎಡವಟ್ಟಾದದ್ದು ಆಫೀಸಿನಲ್ಲಿ, ಅದೂ ನನ್ನಿಂದ.

ಗುಮಾಸ್ತರು ಅರ್ಜಿ ಬರೆದುಕೊಳ್ಳುತ್ತ ನನ್ನ ಹೆಸರು, ತಂದೆಯ ಹೆಸರು, ಊರು ಕೇಳಿದರು. ಪಟಪಟನೆ ಹೇಳಿದೆ. ಆಮೇಲೆ ಗಂಡನ ಹೆಸರು ಕೇಳಿದರು. ನನ್ನ ಬಾಯಿ ಕಟ್ಟಿತು. ಮತ್ತೆ ಕೇಳಿದರು. ಅವರನ್ನೇ ಕೇಳಿ ಎಂದು ತಲೆ ತಗ್ಗಿಸಿದೆ. ಟ್ರೈನಿಂಗಿನ ಉದ್ದಕ್ಕೂ ದಿನಕ್ಕೆ ನೂರು ಸಲ ಆ ಹೆಸರು ಹಿಡಿದು ಕರೆದವಳು ನಾನು, ಹೆಸರನ್ನು ಮುರಿದು ಅಣಕಿಸಿದವಳು ಕೂಡ. ಆದರೆ ಈಗ ತಾಳಿ ಬಿದ್ದು ಒಂದು ಗಂಟೆಯಾಗಿತ್ತು. ನಮ್ಮಮ್ಮ ಒಂದು ದಿನವೂ ಅಪ್ಪನ ಹೆಸರು ಹೇಳಿದ್ದು ನಾನು ಕೇಳಿಲ್ಲ. ಅಷ್ಟು ಕಷ್ಟಪಟ್ಟು ಕೂಡಿಸಿದ ಮದುವೆ ನನ್ನದು. ಈಗ ಬಾಯಿಬಿಟ್ಟು ಹೆಸರು ಹೇಳಿದರೆ ಅದರಲ್ಲಿ ಅರ್ಧ ಕಳೆದುಹೋಗುತ್ತದೆ ಎನ್ನಿಸಿ ಹಲ್ಲು ಕಚ್ಚಿ ಕುಳಿತೆ.

ಗುಮಾಸ್ತರಿಗೆ ಅನುಮಾನ ಬಂತು. ಎದ್ದು ಹೋಗಿ ಸಾಹೇಬರನ್ನು ಕರೆತಂದರು. ಸಾಹೇಬರು ನನ್ನವರ ಕಡೆ ತಿರುಗಿ, "ಹೆಸರೇ ಗೊತ್ತಿಲ್ದ ಹುಡುಗೀನ ಎಲ್ಲಿಂದ ಕರ್ಕಂಡು ಬಂದಿಯಪ್ಪ?" ಎಂದರು. ಹುಡುಗಿ ತಾನಾಗಿ ಹೆಸರು ಹೇಳಿದರೆ ಮಾತ್ರ ಸಹಿ, ಇಲ್ಲದಿದ್ದರೆ ಹೊಳಲ್ಕೆರೆಗೆ ಸುದ್ದಿ ಕಳಿಸುತ್ತೇನೆ ಎಂದರು. ಅಪ್ಪನೂ ಅಣ್ಣಂದಿರೂ ಬಸ್ಸಿನಿಂದ ಇಳಿಯುವುದು ನನ್ನ ಕಣ್ಣಿಗೆ ಕಟ್ಟಿತು. ನನ್ನವರ ಮುಖ ಸುಣ್ಣದ ಹಾಗೆ ಬೆಳ್ಳಗಾಗಿತ್ತು. ಗೆಳತಿ ಹಿಂದಿನಿಂದ ನನ್ನ ತೋಳು ಜಿಗುಟಿದಳು.

ಜಗಲಿಯಲ್ಲಿ ಹೊಲದ ಪತ್ರಕ್ಕೆಂದು ಬಂದು ಕುಳಿತಿದ್ದ ಹಳ್ಳಿಯ ಅಜ್ಜಿಯೊಬ್ಬರು ಇದನ್ನೆಲ್ಲ ನೋಡುತ್ತಿದ್ದರು. ಎದ್ದು ಸೀದಾ ಒಳಗೇ ಬಂದರು. "ಸುಮ್ಕೆ ಹೇಳು ಅಂದ್ರೆ ಯಾವ ಮದುಮಗಳು ಹೇಳ್ತಾಳ್ರೀ ಸಾಹೇಬ್ರೇ? ಒಡಪು ಹಾಕಿಸ್ರಿ, ಹೇಳ್ತಾಳೆ," ಎಂದರು. ಮದುಮಗಳು ಗಂಡನ ಮನೆಯ ಹೊಸಿಲು ದಾಟುವಾಗ ಹೆಂಗಸರು ಅಡ್ಡ ನಿಂತು, ಪ್ರಾಸ ಕಟ್ಟಿಸಿ ಗಂಡನ ಹೆಸರು ಹೇಳಿಸುತ್ತಾರಲ್ಲ, ಅದು. ಅಜ್ಜಿ ಆಫೀಸಿನ ಬಾಗಿಲಿಗೆ ಎರಡೂ ಕೈ ಅಡ್ಡ ಚಾಚಿ ನಿಂತರು. ಜಗಲಿಯಲ್ಲಿದ್ದ ಉಳಿದ ಹೆಂಗಸರೂ ಬಂದು ಅವರ ಬೆನ್ನ ಹಿಂದೆ ಇಣುಕಿದರು. ನನಗೆ ಮೈಯೆಲ್ಲ ಜುಮ್ಮೆಂದಿತು. ಎದ್ದು ನಿಂತೆ. ಪದ ಎಲ್ಲಿಂದ ಬಂತೋ ದೇವರೇ ಬಲ್ಲ.

"ಹೊಳಲ್ಕೆರೆ ಬಸ್ ಹತ್ತಿ ದುರ್ಗದಾಗೆ ಇಳಿದೆ,
ಎರಡು ಸೀರೆ ಉಟ್ಕಂಡು ಬೆವರಾಗೆ ನೆನೆದೆ,
ಹಿರಿಯೂರು ಹೊಳೆದಂಡೇಲಿ ಕಂಬಳಿ ಮ್ಯಾಲೆ ಕುಂತೆ,
ತಾಳಿ ಕಟ್ಟಿದೋರ ಹೆಸರು ಹೇಳಾಕೆ ನಾನೀಗ ನಿಂತೆ"

ಎಂದು, ಕೊನೆಗೆ ಹೆಸರು ಹೇಳಿಯೇಬಿಟ್ಟೆ. ಇಲ್ಲಿ ಮಾತ್ರ ಬರೆಯುವುದಿಲ್ಲ, ಅದಕ್ಕೆ ಇನ್ನೊಂದು ಒಡಪು ಕಟ್ಟಬೇಕಾಗುತ್ತದೆ.

ಹೆಂಗಸರು ಹೋ ಎಂದು ಕೂಗಿದರು. ಗುಮಾಸ್ತರು ಬರೆಯುವುದು ಬಿಟ್ಟು, ಎರಡನೇ ಸಾಲು ಇನ್ನೊಮ್ಮೆ ಹೇಳಿ ಎಂದರು. ಸಾಹೇಬರು ನಗು ತಡೆಯಲಾರದೆ ಕನ್ನಡಕ ತೆಗೆದು ಒರೆಸಿಕೊಂಡರು. ಈಗ ಗಂಡು ಹೇಳಲಿ ಎಂದು ಅಜ್ಜಿ ಪಟ್ಟು ಹಿಡಿದರು. ನನ್ನವರು ಪ್ರಾಸವೂ ಇಲ್ಲ, ಗೀಸವೂ ಇಲ್ಲ, ನನ್ನ ಹೆಸರೊಂದನ್ನೇ ಗಟ್ಟಿಯಾಗಿ, ಹಾಜರಿ ಕೂಗುವ ಹಾಗೆ ಹೇಳಿದರು. ಅದಕ್ಕೂ ಎಲ್ಲರೂ ನಕ್ಕರು. ಸಹಿಗಳೆಲ್ಲ ಆ ನಗುವಿನ ನಡುವೆಯೇ ಆದವು.

ಹೊರಗೆ ಬಂದಾಗ ಅಜ್ಜಿ ನನ್ನನ್ನು ತಡೆದು, ಸೆರಗು ಒಡ್ಡು ಎಂದರು. ಪತ್ರವಾದ ಮೇಲೆ ಗುಡಿಗೆ ಕೊಡಲೆಂದು ತಂದಿದ್ದ ತೆಂಗಿನಕಾಯಿ, ಬೆಲ್ಲ, ಎಲೆಅಡಿಕೆ ಎಲ್ಲವನ್ನೂ ತೆಗೆದು ನನ್ನ ಮಡಿಲಿಗೆ ಹಾಕಿದರು. ಮಗಳನ್ನು ಗಂಡನ ಮನೆಗೆ ಕಳಿಸುವ ತಾಯಿ ಮಾಡುವ ಕೆಲಸ ಅದು. ಅರಿಶಿನ, ಬಾಸಿಂಗ ಎಂದು ಹಟ ಹಿಡಿದಾಗ ನಾನು ಇದನ್ನು ಕೇಳುವುದನ್ನೇ ಮರೆತಿದ್ದೆ. ಬೆಳಗಿನಿಂದ ನಕ್ಕವಳು ಆಗ ಸೆರಗನ್ನು ಎರಡೂ ಕೈಯಲ್ಲಿ ಎದೆಗೆ ಅವಚಿಕೊಂಡೆ. ಮನೆಯಲ್ಲಿ ಹೇಳಿ ಬಂದೆಯಾ ಎಂದು ಕೇಳಿದರು. ಇಲ್ಲ ಎಂದೆ.

"ಯಾರಾನ ಕೇಳಿದ್ರೆ ಓಡಿಬಂದೆ ಅನಬ್ಯಾಡ ಮಗಳೇ," ಎಂದರು ಅಜ್ಜಿ. "ಹಿರಿಯೂರಾಗೆ ಒಬ್ಬಾಕೆ ಮಡಿಲು ತುಂಬಿ ಕಳಿಸ್ಕೊಟ್ಲು ಅನ್ನು."