ನನ್ನ ಸೊಸೆಯ ಟ್ರೇನಿಂಗಿಗೆ ನಾನೇ ಅಡ್ಡಿಯಂತೆ

ಸೊಂಟದ ಮೂಳೆ ಮುರ್ಕೊಂಡು ಮುಂದಿನ ಕೋಣೇಲಿ ಬಿದ್ದಿದ್ದೀನಿ ನಿಜ, ಆದ್ರೆ ಕಿವಿಗೇನೂ ಆಗಿಲ್ಲ. ಮನೇಲಿ ಯಾರು ಏನಂದ್ರೂ ಕೇಳಿಸುತ್ತೆ. ಅದಕ್ಕೇ ಇಷ್ಟು ಸಿಟ್ಟು.

ನನ್ನ ಸೊಸೆ ದೊಡ್ಡಾಸ್ಪತ್ರೆ ಲಾಂಡ್ರೀಲಿ ಕೆಲಸಕ್ಕಿದಾಳೆ. ರಕ್ತ, ಕೀವು, ವಾಂತಿ ಹತ್ತಿದ ಬಟ್ಟೆ ಒಗೆದು ಒಣಗಿಸಿ ಕೊಡೋದು. ಬೆಡ್‌ಶೀಟಿಗೆ ಅಲ್ಲಿ ಯಾರೂ ಇಸ್ತ್ರಿ ಕೇಳಲ್ಲ, ಸುಮ್ನೆ ಮಡಚಿಟ್ರೂ ನಡೆಯುತ್ತೆ. ಇವಳಿಗೆ ಮನಸ್ಸು ಒಪ್ಪಲ್ಲ. ಸುಕ್ಕು ಉಳಿದ್ರೆ ಮಲಗಿದೋರ ಬೆನ್ನು ಉಜ್ಜುತ್ತಂತೆ. "ಅದರ ಮೇಲೆ ಯೇಸು ಸ್ವಾಮಿನೇ ಮಲಗ್ತಾರೆ ಅಂದ್ಕೊಂಡು ಇಸ್ತ್ರಿ ಮಾಡ್ತೀನಿ ಅತ್ತೆ" ಅಂದಿದ್ಲು ಒಂದ್ಸಲ. ಅಷ್ಟೇ ಅವಳ ಉಪದೇಶ.

ಬೆಳಿಗ್ಗೆ ಹೊರಡೋ ಮುಂಚೆ, ಸಂಜೆ ಬಂದ ಮೇಲೆ, ನನ್ನನ್ನ ಮಗ್ಗುಲಿಗೆ ಹೊರಳಿಸಿ ತೊಳೆದು, ಒರೆಸಿ, ಬಟ್ಟೆ ಬದಲಾಯಿಸ್ತಾಳೆ. ನಾನು ನಾಚಿಕೆ ತಡೀಲಾರದೆ ಬೈತಿರ್ತೀನಿ. ಅವಳು ಲಾಂಡ್ರಿ ಸುದ್ದಿ ಹೇಳಿ ನಗಿಸ್ತಾಳೆ. ದಿಂಬಿನ ಕವರ್‌ನಲ್ಲಿ ಹಲ್ಲುಸೆಟ್ಟು ಸಿಕ್ತಂತೆ. ವಾರ್ಡಿಗೆ ತಗೊಂಡು ಹೋಗಿ ಕೇಳಿದ್ರೆ ಒಬ್ಬ ಮುದುಕ "ನಂದಲ್ಲ, ಆದ್ರೂ ಕೊಡು, ಹಾಕಿ ನೋಡ್ತೀನಿ" ಅಂದನಂತೆ!

ನನ್ನ ಮಗ ನಮ್ಮ ಚರ್ಚ್ ಸಭೆಯ ಹಿರಿಯ. ಗಡಿಯಾರದ ಅಂಗಡಿ ನಮ್ಮ ಮನೆ ಕೆಳಗೇ ಇದೆ. ಶನಿವಾರ ಸಂಜೆ ನನ್ನ ಮಂಚದ ಸುತ್ತ ಕುರ್ಚಿ ಹಾಕಿ ಪ್ರಾರ್ಥನೆ ಕೂಟ ನಡೆಸ್ತಾನೆ. ಸೇವೆ, ಸೇವೆ ಅಂತ ಕೊರೆದಿದ್ದೇ ಕೊರೆದಿದ್ದು. ಕುಡಿದ ಟೀ ಲೋಟ ಎತ್ತಿ ಅಡುಗೆಮನೇಲಿ ಇಟ್ಟೋನಲ್ಲ.

ಹೋದ ತಿಂಗಳು ಆಸ್ಪತ್ರೆಯೋರು ಸೊಸೆನ ವಾರ್ಡಿನ ಆಯಾ ಟ್ರೇನಿಂಗಿಗೆ ಆರಿಸಿದ್ರು. ಬಟ್ಟೆ ಒಗೆಯೋದು ಬಿಟ್ಟು ರೋಗಿಗಳ ಹತ್ರಾನೇ ಇರಬಹುದು. ಎಷ್ಟು ವರ್ಷದಿಂದ ಆಸೆ ಇಟ್ಕೊಂಡಿದ್ಲೋ! ಆದ್ರೆ ಬೆಳಗಾಗೋ ಮುಂಚೆ ಹೊರಡಬೇಕು, ಕತ್ತಲಾದ ಮೇಲೇ ವಾಪಸು.

"ಅಮ್ಮನ್ನ ಯಾರು ನೋಡ್ಕೋತಾರೆ?" ಅಂದ ಮಗ. "ದೇವರು ನಿನಗೆ ಕೊಟ್ಟಿರೋ ಸೇವೆ ಮನೇಲೇ ಇದೆ. ಆಗಲ್ಲ ಅಂತ ಹೇಳಿಬಿಡು."

ಅವಳು ಬಚ್ಚಲಲ್ಲಿ ನಲ್ಲಿ ಬಿಟ್ಕೊಂಡು ಅತ್ತಿದ್ದು ನನಗೆ ಕೇಳಿಸ್ತು. ಮೈಯೆಲ್ಲ ಉರಿದುಹೋಯ್ತು. ಎಲಾ ಇವನ! ನನ್ನ ಹೆಸರು ಹೇಳ್ಕೊಂಡು ತನ್ನ ಬೇಳೆ ಬೇಯಿಸ್ಕೋತಾನಲ್ಲ! ನನ್ನನ್ನ ಒಂದು ಮಾತು ಕೇಳಿದ್ನಾ?

ಟ್ರೇನಿಂಗ್ ಸೋಮವಾರ ಶುರು, ಅವಳಿನ್ನೂ ಆಸ್ಪತ್ರೇಲಿ ಆಗಲ್ಲ ಅಂದಿರಲಿಲ್ಲ. ಅಷ್ಟರಲ್ಲೇ ಶನಿವಾರ ಕೂಟದಲ್ಲಿ ಮಗ ಎದ್ದು ನಿಂತು ಹೇಳ್ತಾನೆ, "ನನ್ನ ಹೆಂಡತಿ ಅಮ್ಮನಿಗೋಸ್ಕರ ಟ್ರೇನಿಂಗ್ ತ್ಯಾಗ ಮಾಡಿದಾಳೆ. ದೇವರಿಗೆ ಸ್ತೋತ್ರ!" ಎಲ್ಲರೂ ಸ್ತೋತ್ರ ಅಂದ್ರು. ಅವಳು ಟೀ ತಟ್ಟೆ ಹಿಡ್ಕೊಂಡು ಬಾಗಿಲಲ್ಲಿ ನಿಂತಿದ್ಲು, ಮುಖದಲ್ಲಿ ಕಳೆನೇ ಇಲ್ಲ.

ನಮ್ಮ ಕೂಟದಲ್ಲಿ ಒಬ್ಬೊಬ್ಬರೇ ಪ್ರಾರ್ಥನೆ ಮಾಡಬೇಕು, ಮಿಕ್ಕವರು ಕಣ್ಣು ಮುಚ್ಕೊಂಡು ಮಾತು ಮಾತಿಗೂ ಆಮೆನ್ ಅನ್ನಬೇಕು. ಅಭ್ಯಾಸ ಎಷ್ಟು ಗಟ್ಟಿ ಅಂದ್ರೆ ಅರ್ಧಕ್ಕರ್ಧ ಜನ ಕಿವಿನೇ ಕೊಡಲ್ಲ. ನನ್ನ ಸರದಿ ಬಂತು.

"ಕರ್ತನೇ, ಸೋಮವಾರ ನನ್ನ ಸೊಸೆ ಟ್ರೇನಿಂಗಿಗೆ ಹೋಗ್ತಾಳೆ. ಅವಳ ಜೊತೆಗಿರು."

"ಆಮೆನ್!"

"ಅವತ್ತಿಂದ ನನ್ನ ಬೆಡ್‌ಪ್ಯಾನ್ ಎತ್ತಿ, ನನ್ನನ್ನ ತೊಳೆದು ಒರೆಸೋನು ನನ್ನ ಮಗ. ಅವನ ಹೊಟ್ಟೆ ತೊಳಸದ ಹಾಗೆ ನೋಡ್ಕೋ."

"ಆಮೆನ್!"

ಎಲ್ಲರಿಗಿಂತ ಜೋರಾಗಿ ಅಂದಿದ್ದು ಅವನೇ. ಆಮೇಲೆ ಕಣ್ಣು ಬಿಟ್ಟ. ಇಂಗು ತಿಂದ ಮಂಗನ ಥರ ಆಗಿತ್ತು ಮುಖ. ಪಾಸ್ಟರ್ ಹೆಂಡತಿ ಕರ್ಚೀಫು ಬಾಯಿಗೆ ಒತ್ಕೊಂಡು ನಗು ತಡ್ಕೊಂಡ್ರು. ಅಷ್ಟು ಜನರ ಮುಂದೆ ಇಲ್ಲ ಅನ್ನೋಕೆ ಅವನಿಗೆ ಬಾಯಿ ಬರಲಿಲ್ಲ.

ಸೋಮವಾರ ಸೊಸೆ ಚಪ್ಪಲಿ ಮೆಟ್ಕೊಂಡು ಬಾಗಿಲಲ್ಲೇ ತಡೆದ್ಲು. "ರೀ, ನೀರು ಉಗುರುಬೆಚ್ಚಗಿರ್ಲಿ, ಸೊಂಟ ಹುಷಾರು..."

"ಹೋಗಮ್ಮ ತಾಯಿ, ಹೊತ್ತಾಯ್ತು!" ಅಂತ ಗದರಿ ಕಳಿಸಿದೆ.

ಇವನು ಮುಖ ಆ ಕಡೆ ತಿರುಗಿಸಿ ಕೈ ಈ ಕಡೆ ಚಾಚಿದ. ಎರಡು ಸಲ ವಾಕರಿಸ್ದ. "ಈ ಕಡೆ ನೋಡ್ಕೊಂಡು ಒರೆಸೋ!" ಅಂದೆ. ಹೊರಳಿಸೋಕೆ ಹೋಗಿ ನೋವಾಗಿ ನಾನು ಕಿರುಚಿದೆ. ಅವನು ಹೆದರಿ, ಬೆವರಿ, ಮತ್ತೆ ಮೆಲ್ಲಗೆ ಹಿಡ್ಕೊಂಡ. ಕಾಲಿನವರೆಗೆ ಬರೋ ಹೊತ್ತಿಗೆ ಏದುಸಿರು ಬಿಡ್ತಿದ್ದ.

"ಅಮ್ಮ, ಅವಳು ಇದನ್ನ ದಿನಾ ಮಾಡ್ತಿದ್ಲಾ?"

"ದಿನಾ ಎರಡು ಸಲ."

"ನನಗೆ ಗೊತ್ತೇ ಇರಲಿಲ್ಲ."

ಇಳೀತಿದ್ದ ಸಿಟ್ಟು ಮತ್ತೆ ನೆತ್ತಿಗೇರಿತು. ಗೋಡೆ ಆಚೆ ಮಲಗೋನಿಗೆ ಗೊತ್ತಿರಲಿಲ್ಲವಂತೆ! "ಮತ್ತೇನು, ನನ್ನನ್ನ ದೇವದೂತರು ಬಂದು ತೊಳೀತಿದ್ರು ಅಂದ್ಕೊಂಡಿದ್ಯಾ?"

ಅವನು ತಲೆ ತಗ್ಗಿಸಿ ನನ್ನ ಕಾಲು ಒರೆಸ್ತಾ ಇದ್ದ. ನಾನು ಬೈಯೋದು ನಿಲ್ಲಿಸಲಿಲ್ಲ.