ಎರಡನೇ ಕೋಟು

ಲುವೀನಿಯಾ ಪ್ರಿಚೆಟ್ ಕಾಯಿಸಿದ ಬಾಚಣಿಗೆ ಕೈಗೆತ್ತಿಕೊಂಡಳೆಂದರೆ ಕುರ್ಚಿಯಲ್ಲಿ ಕೂತವರು ತಮ್ಮ ಕಿವಿ ತಾವೇ ಮಡಚಿ ಹಿಡಿದುಕೊಳ್ಳಬೇಕು. ಅದು ಅಂಗಡಿಯ ಮೊದಲ ನಿಯಮ. ಗ್ಯಾಸ್ ಒಲೆಯ ಮೇಲೆ ಹಿತ್ತಾಳೆಯ ಬಾಚಣಿಗೆ ಕಾಯಿಸಿ, ಕಾಗದಕ್ಕೆ ಒತ್ತಿ ಹದ ನೋಡಿ, ಎಣ್ಣೆ ಸವರಿದ ಗುಂಗುರು ಕೂದಲನ್ನು ಬುಡದಿಂದ ಎಳೆದರೆ ಚುಂಯ್ ಎಂದು ಹೊಗೆ ಏಳುತ್ತಿತ್ತು, ಮತ್ತೆ ನೀರು ಸೋಕುವ ತನಕ ಕೂದಲು ನೆಟ್ಟಗಿರುತ್ತಿತ್ತು. ಅಮೆರಿಕದ ನೇವಾರ್ಕ್ ಊರಿನ ಆ ಕೇರಿಯ ಕಪ್ಪು ಹೆಂಗಸರಿಗೆ ಶನಿವಾರ ಲುವೀನಿಯಾಳ ಕುರ್ಚಿ, ಭಾನುವಾರ ಚರ್ಚಿನ ಬೆಂಚು.

ಎರಡನೇ ನಿಯಮ ಇನ್ನೂ ಬಿಗಿ. ಹೊಸಿಲು ದಾಟಿ ಒಳಗೆ ಬಂದ ಹೆಂಗಸು ಯಾರೇ ಆಗಲಿ, ಆಕೆ 'ಮಿಸೆಸ್'. ವಾರವಿಡೀ ಬಿಳಿಯರ ಅಡುಗೆಮನೆಗಳಲ್ಲಿ 'ಏ ಹುಡುಗಿ' ಎನ್ನಿಸಿಕೊಂಡು ಬಂದ, ಮೊಮ್ಮಕ್ಕಳನ್ನು ಕಂಡ ಹೆಂಗಸರು ಅವಳ ಕನ್ನಡಿಯ ಮುಂದೆ ಮಿಸೆಸ್ ಇಂಥವರು ಆಗಿ ಕೂರುತ್ತಿದ್ದರು. ಇದು ಅವಳು ದಕ್ಷಿಣದ ಜಾರ್ಜಿಯಾದಿಂದ ಕಟ್ಟಿಕೊಂಡು ಬಂದ ಹಟ. ಅಲ್ಲಿ ಬಿಳಿ ಅಂಗಡಿಯವನ ಆರು ವರ್ಷದ ಮಗ ಅವಳ ಅಮ್ಮನನ್ನು ಹೆಸರು ಹಿಡಿದು ಕೂಗುತ್ತಿದ್ದ, ಅಮ್ಮ ಅವನಿಗೆ 'ಸರ್' ಅನ್ನುತ್ತಿದ್ದಳು. ಗಂಡ ತೀರಿಕೊಂಡ ಮೇಲೆ ಉತ್ತರಕ್ಕೆ ಬಂದು, ತನ್ನ ಅಡುಗೆಮನೆಯಲ್ಲೇ ಹೆಂಗಸರ ತಲೆ ಬಾಚುತ್ತಾ ಬಾಚುತ್ತಾ ಬೀದಿಗೆ ಮುಖಮಾಡಿದ ಅಂಗಡಿ ಮಾಡಿಕೊಂಡಳು. ಮುಂಭಾಗಕ್ಕೆ ದೊಡ್ಡ ಗಾಜು. ಆ ಗಾಜು ಒರೆಸುವಾಗಿನ ಅವಳ ಠೀವಿ ನೋಡಬೇಕಿತ್ತು.

ಸಾವಿರದ ಒಂಬೈನೂರ ಅರವತ್ತೇಳರ ಜುಲೈನಲ್ಲಿ ಪೊಲೀಸರು ಒಬ್ಬ ಕಪ್ಪು ಟ್ಯಾಕ್ಸಿ ಚಾಲಕನನ್ನು ಹಿಡಿದು ಬಡಿದರು. ಸತ್ತೇ ಹೋದನೆಂದು ಸುದ್ದಿ ಹಬ್ಬಿತು. ಸತ್ತಿರಲಿಲ್ಲ. ಆದರೆ ನಮ್ಮ ಊರಲ್ಲಿ ಅದು ನಂಬಲಾಗದ ಸುದ್ದಿಯೇನೂ ಆಗಿರಲಿಲ್ಲ. ವರ್ಷಗಳಿಂದ ಕುದಿಯುತ್ತಿದ್ದದ್ದು ಉಕ್ಕಿ ಬೀದಿಗೆ ಬಿತ್ತು. ಅಂಗಡಿಗಳ ಗಾಜು ಒಡೆದವು, ಸಾಮಾನು ಹೋಯಿತು, ಬೆಂಕಿ ಎದ್ದಿತು. ಅಂಗಡಿ ಇಟ್ಟಿದ್ದ ಕಪ್ಪು ಜನರು ತಮ್ಮ ಗಾಜಿನ ಮೇಲೆ 'ಸೋಲ್ ಬ್ರದರ್' ಎಂದು ದೊಡ್ಡದಾಗಿ ಬರೆದುಕೊಂಡರು. ಇದು ನಿಮ್ಮವರದೇ ಅಂಗಡಿ, ಮುಟ್ಟಬೇಡಿ ಎಂದು ಅರ್ಥ. ಜನ ಮುಟ್ಟುತ್ತಲೂ ಇರಲಿಲ್ಲ.

ಬರೆದುಕೊಡುತ್ತಿದ್ದವನು ಚರ್ಚಿನ ಬೋರ್ಡು ಬರೆಯುವ ಹೊಬಾರ್ಟ್ ಗ್ರೀರ್. ಐವತ್ತು ದಾಟಿದ, ಇರುವೆಗೂ ದಾರಿ ಬಿಟ್ಟು ನಡೆಯುವ ಪ್ರಾಣಿ. ಅವನಿಗಿದ್ದ ಒಂದೇ ಒಂದು ಸೊಕ್ಕು ಅಕ್ಷರದ್ದು. ಬಣ್ಣ ಸಿಗದ ಆ ದಿನಗಳಲ್ಲಿ ಬಿಳಿ ಶೂ ಪಾಲಿಷಿನಲ್ಲೇ ಲುವೀನಿಯಾಳ ಗಾಜಿಗೆ 'ಸೋಲ್ ಸಿಸ್ಟರ್' ಎಂದು ಬರೆದು, ಹಿಂದೆ ಸರಿದು ನಿಂತ.

"ಇದೇನು ಬ್ರದರ್ ಹೊಬಾರ್ಟ್, ನೀರು ಬೆರೆಸಿದ ಹಾಲು ಇದ್ದಂಗಿದೆ?" ಎಂದಳು ಲುವೀನಿಯಾ. "ಆ ಬೀದಿ ಕೊನೆ ಬಾರ್‌ನವನಿಗೆ ಮಾತ್ರ ಗಟ್ಟಿ ಕೆನೆ, ನಂಗೆ ಬರೀ ನೀರಾ?"

ಅವಳದು ತಮಾಷೆ. ಅವನಿಗೆ ಅದು ನಾಟಿತು. "ಒಣಗಲಿ ಸಿಸ್ಟರ್. ಮೇಲಿಂದ ಎರಡನೇ ಕೋಟು ಬಳಿಯೋಕೆ ಬರ್ತೀನಿ. ಹೊಬಾರ್ಟ್ ಅರ್ಧ ಕೆಲಸ ಬಿಟ್ಟ ಅನ್ನಿಸ್ಕೊಳ್ಳಲ್ಲ" ಎಂದು ಹೋದ.

ಶನಿವಾರ ಸಂಜೆ ಬಂದೇಬಿಟ್ಟ. ಕರ್ಫ್ಯೂ ಹೊತ್ತು ಹತ್ತಿರವಾಗಿತ್ತು. ಒಳಗೆ ಲುವೀನಿಯಾ ಹಿಂಬಾಗಿಲಿಂದ ಕರೆಸಿಕೊಂಡ ಮಿಸೆಸ್ ಟೆಂಪಿ ರಸ್ಕ್‌ಳ ತಲೆ ಬಾಚುತ್ತಿದ್ದಳು. ಟೆಂಪಿ ಸರಕಾರಿ ಶಾಲೆಯ ಅಡುಗೆಯವಳು, ಚರ್ಚಿನಲ್ಲಿ ಹಾಡುವವಳು. ಊರು ಹೊತ್ತಿ ಉರಿದರೂ ಭಾನುವಾರ ಬರುವುದು ತಪ್ಪುವುದಿಲ್ಲವಲ್ಲ! ಬಲಗಡೆಯ ಕೂದಲು ನೆಟ್ಟಗಾಗಿತ್ತು, ಎಡಗಡೆಯದು ಇನ್ನೂ ಗುಂಗುರಾಗಿಯೇ ಇತ್ತು. ಆಗ ಹೊರಗೆ ಜೀಪು ನಿಂತಿತು.

ಹೊಬಾರ್ಟ್ ಕುಂಚ ಹಿಡಿದೇ ಗೋಡೆಗೆ ಸರಿದ. ಸಮವಸ್ತ್ರದ ಬಿಳಿ ಪೊಲೀಸರು ಇಳಿದರು. ಒಬ್ಬ ಗಾಜಿನ ಮೇಲಿದ್ದದ್ದನ್ನು ಜೋರಾಗಿ ಓದಿದ. "ಸಿಸ್ಟರ್ ಅಂತೆ ಕಣ್ರೋ! ತಂಗೀನ ಮಾತಾಡಿಸಿ ಹೋಗೋಣ." ನಕ್ಕರು. ಬಂದೂಕು ಎತ್ತಿದರು.

ಲುವೀನಿಯಾ ಟೆಂಪಿಯನ್ನು ನೆಲಕ್ಕೆಳೆದು ಮೇಲೆ ಬಿದ್ದಳು. ಗಾಜು ಮಳೆಯಾಯಿತು. ಗುಂಡು ನಿಂತಾಗ ಅವಳು ಕುರ್ಚಿಯ ಕೆಳಗಿಂದ ಕಂಡದ್ದು ಹೊಬಾರ್ಟ್‌ನ ಕಾಲುಗಳು, ಅವನನ್ನು ಎಳೆದೊಯ್ಯುತ್ತಿದ್ದ ಬೂಟುಗಳು. ಟೆಂಪಿ ಅರ್ಧ ತಲೆಯಲ್ಲೇ ಹಿಂಬಾಗಿಲಿಂದ ಓಡಿದಳು.

ಗಾಜು ಒಡೆದು ಲೂಟಿಗೆ ಇಳಿದಿದ್ದನೆಂಬುದು ಹೊಬಾರ್ಟ್ ಮೇಲಿನ ಆರೋಪ. ಬೇಲಿಯೇ ಎದ್ದು ಹೊಲ ಮೇಯ್ದದ್ದಲ್ಲದೆ, ಹೊಲಕ್ಕೆ ನೀರು ಹಾಯಿಸುತ್ತಿದ್ದವನನ್ನು ಕಳ್ಳನೆಂದು ಕಟ್ಟಿಹಾಕಿತ್ತು. ಆರೋಪ ನಿಂತರೆ ವರ್ಷಗಟ್ಟಲೆ ಸೆರೆ.

ಗಲಾಟೆ ತಣ್ಣಗಾದ ಮೇಲೆ ಒಬ್ಬ ಪೊಲೀಸ್ ಸಾರ್ಜೆಂಟ್ ಬಂದ. ಟೋಪಿ ತೆಗೆಯಲಿಲ್ಲ.

"ನೋಡು ಲುವೀನಿಯಾ..."

"ಮಿಸೆಸ್ ಪ್ರಿಚೆಟ್."

"ಸರಿ ಕಣಮ್ಮ. ಗಲಾಟೆಯಲ್ಲಿ ಗಾಜು ಹೋಯ್ತು, ನೀನು ಏನೂ ನೋಡಿಲ್ಲ. ಅಷ್ಟೇ ತಾನೇ?"

"ನೋಡಿದೀನಿ."

ಸಾರ್ಜೆಂಟ್ ಸುತ್ತ ಕಣ್ಣಾಡಿಸಿದ. "ಈ ಒಲೆ, ಈ ಹಳೇ ವೈರು... ನಗರಸಭೆ ತಪಾಸಣೆಯೋರು ಬಂದ್ರೆ ಅಂಗಡಿ ಮುಚ್ಚಿಸಿಬಿಡ್ತಾರಲ್ವಾ? ಪಾಪ, ಒಂಟಿ ಹೆಂಗಸು ನೀನು."

ಅವನು ಹೋದ ಮೇಲೆ ಅವಳು ಬಾಚಣಿಗೆಯ ಹದ ತಪ್ಪಿ ಹೊಸ ಟವೆಲು ಸುಟ್ಟುಕೊಂಡಳು. ಹೆದರಿಕೆ ಆಗಲಿಲ್ಲ ಎಂದರೆ ಸುಳ್ಳಾಗುತ್ತದೆ. ಈ ಅಂಗಡಿ ಬಿಟ್ಟರೆ ಅವಳಿಗೆ ಉಳಿದಿದ್ದದ್ದು ಬೇರೆಯವರ ಅಡುಗೆಮನೆ. ಆದರೆ ಹೊಬಾರ್ಟ್ ಎರಡನೇ ಕೋಟು ಬಳಿಯಲು ಬಂದದ್ದು ಯಾರ ಬಾಯಿಂದ? ತನ್ನ ಹಾಳು ಬಾಯಿಂದ! ಒಡೆಯದೆ ಉಳಿದಿದ್ದ ಒಂದು ಗಾಜಿನ ತುಂಡಿನಲ್ಲಿ ಅವನ ಒಂದು ಅಕ್ಷರವಿತ್ತು, ಅದರ ಹೊಟ್ಟೆಯಲ್ಲಿ ಗುಂಡಿನ ತೂತು. ಅದನ್ನು ಎರಡು ಟವೆಲಿನಲ್ಲಿ ಸುತ್ತಿ ಮಂಚದ ಕೆಳಗಿಟ್ಟಳು. ಮರುದಿನ ಹೊಬಾರ್ಟ್‌ನ ವಕೀಲನ ಹತ್ತಿರ ಹೋಗಿ, "ನಾನು ಸಾಕ್ಷಿ ಹೇಳ್ತೀನಿ" ಎಂದಳು.

ಟೆಂಪಿಯ ಮನೆಗೂ ಹೋದಳು. ಟೆಂಪಿ ತಲೆಗೆ ಬಟ್ಟೆ ಬಿಗಿದುಕೊಂಡೇ ಬಾಗಿಲು ತೆಗೆದಳು.

"ನನ್ನ ಕೇಳಬೇಡ ಸಿಸ್ಟರ್. ಸರಕಾರದ ಕೆಲಸ ನಂದು. ಮೂರು ಮಕ್ಕಳ ಬಾಯಿಗೆ ಮಣ್ಣು ಹಾಕ್ಲಾ?"

"ಕೇಳೋಕೆ ಬಂದಿಲ್ಲ. ನಿನ್ನ ಹೆಸರು ನನ್ನ ಬಾಯಲ್ಲಿ ಬರಲ್ಲ ಅಂತ ಹೇಳೋಕೆ ಬಂದೆ." ಮೆಟ್ಟಿಲಿಳಿಯುತ್ತಾ ತಿರುಗಿದಳು. "ಆ ಇನ್ನರ್ಧ ತಲೆ ಮಾತ್ರ ಬಾಕಿ ಇದೆ. ಬಾ ಯಾವಾಗ್ಲಾದ್ರೂ."

ಟೆಂಪಿ ಬಾಗಿಲು ಹಾಕಿಕೊಂಡಳು.

ಕೋರ್ಟಿಗೆ ಲುವೀನಿಯಾ ಈಸ್ಟರ್ ಹಬ್ಬದ ಟೋಪಿ ಹಾಕಿಕೊಂಡು, ಟವೆಲಿನ ಗಂಟನ್ನು ಕೂಸಿನಂತೆ ಎತ್ತಿಕೊಂಡು ಬಸ್ಸಿನಲ್ಲಿ ಹೋದಳು. ಕಟಕಟೆಯಲ್ಲಿದ್ದ ಹೊಬಾರ್ಟ್ ಸೆರೆಯಲ್ಲಿ ಸೊರಗಿಹೋಗಿದ್ದ. ಅವಳನ್ನು ನೋಡಿ ತಲೆ ತಗ್ಗಿಸಿದ.

"ಲುವೀನಿಯಾ, ನೀನು ಆ ಸಂಜೆ ಏನು ನೋಡಿದೆ?" ಎಂದು ಸರಕಾರಿ ವಕೀಲ ಪಾಟೀಸವಾಲು ಶುರು ಮಾಡಿದ. ಅವಳು ಸುಮ್ಮನೆ ಕೂತಳು. ಮತ್ತೆ ಕೇಳಿದ. ಮತ್ತೂ ಸುಮ್ಮನೆ.

"ಸಾಕ್ಷಿಗೆ ಕಿವಿ ಕೇಳಿಸುತ್ತೋ ಇಲ್ಲವೋ?" ಎಂದರು ನ್ಯಾಯಾಧೀಶರು.

"ಕೇಳಿಸುತ್ತೆ ಸ್ವಾಮಿ. ಮಿಸೆಸ್ ಪ್ರಿಚೆಟ್ ಅನ್ನೋರನ್ನ ಕರೆದ್ರೆ ಉತ್ತರ ಕೊಡ್ತೀನಿ."

ಹಿಂದಿನ ಬೆಂಚುಗಳಲ್ಲಿ ಯಾರೋ 'ಆಮೆನ್' ಅಂದರು. ವಕೀಲ ಹಲ್ಲು ಕಚ್ಚಿ 'ಮಿಸೆಸ್' ಅಂದ. ಅವಳು ಹೇಳಿದಳು. ಜೀಪು, ಓದಿದ ದನಿ, ನಗು, ಬಂದೂಕು, ಗೋಡೆಗಂಟಿ ನಿಂತಿದ್ದ ಹೊಬಾರ್ಟ್, ಒಂದನ್ನೂ ಹೆಚ್ಚಿಸಲಿಲ್ಲ, ಒಂದನ್ನೂ ನುಂಗಲಿಲ್ಲ. ಗಂಟು ಬಿಚ್ಚಿ ಗಾಜು ತೋರಿಸಿದಳು.

"ಈ ತೂತು ಆಮೇಲೆ ಯಾರು ಬೇಕಾದರೂ ಮಾಡಬಹುದು. ನೀವು ಆರೋಪಿಯ ಚರ್ಚಿನವರು, ಗೆಳತಿ. ಇದನ್ನೆಲ್ಲ ನೋಡಿದ ಇನ್ನೊಬ್ಬರು ಇದ್ದಾರಾ?" ಎಂದ ವಕೀಲ.

"ಇದ್ದಾರೆ. ನನ್ನ ಕುರ್ಚಿಯಲ್ಲಿ ಕೂತಿದ್ರು. ಅರ್ಧ ತಲೆ ಆಗಿತ್ತು."

"ಹೆಸರು?"

"ಹೇಳಲ್ಲ. ಅವರ ಅನ್ನಕ್ಕೆ ನಾನು ಕಲ್ಲು ಹಾಕಲ್ಲ."

"ಹೇಳದಿದ್ದರೆ ನಿಮ್ಮನ್ನೂ ಒಳಗೆ ಹಾಕಬೇಕಾಗುತ್ತೆ" ಎಂದರು ನ್ಯಾಯಾಧೀಶರು.

ಲುವೀನಿಯಾ ಟೋಪಿಯ ಪಿನ್ನು ತೆಗೆದು, ಟೋಪಿಯನ್ನು ತೊಡೆಯ ಮೇಲಿಟ್ಟುಕೊಂಡಳು. "ಹಾಕಿ ಸ್ವಾಮಿ. ನಾನು ರೆಡಿಯಾಗೇ ಬಂದಿದೀನಿ."

ಕೊನೆಯ ಬೆಂಚು ಕಿರುಗುಟ್ಟಿತು. ಎದ್ದು ನಿಂತ ಹೆಂಗಸು ತಲೆಗೆ ಕಟ್ಟಿದ್ದ ಬಟ್ಟೆಯನ್ನು ಎಳೆದುಹಾಕಿದಳು. ಅಷ್ಟು ದಿನವಾದರೂ ನೀರು ಸೋಕಿಸಿರಲಿಲ್ಲವೋ ಏನೋ, ಬಲಗಡೆ ನೆಟ್ಟಗೆ, ಎಡಗಡೆ ಗುಂಗುರು.

"ಆ ಅರ್ಧ ತಲೆ ನಂದೇ ಸ್ವಾಮಿ. ಮಿಸೆಸ್ ಟೆಂಪಿ ರಸ್ಕ್. ಬರೆದುಕೊಳ್ಳಿ."

ಹೊಬಾರ್ಟ್ ಬಿಡುಗಡೆಯಾದ. ಗುಂಡು ಹಾರಿಸಿದವರನ್ನು ಯಾರೂ ಏನೂ ಕೇಳಲಿಲ್ಲ, ಇವತ್ತಿಗೂ ಕೇಳಿಲ್ಲ. ಅದನ್ನು ನೆನೆದರೆ ನನಗೆ ಈಗಲೂ ಹೊಟ್ಟೆ ಉರಿಯುತ್ತದೆ. ಟೆಂಪಿಯ ಕೆಲಸ ಹೋಯಿತು. ತಪಾಸಣೆಯವರು ಬಂದು ಲುವೀನಿಯಾಳ ಅಂಗಡಿಗೆ ಬೀಗ ಜಡಿದರು. ಅವಳು ಮತ್ತೆ ತನ್ನ ಅಡುಗೆಮನೆಯಲ್ಲೇ ಕುರ್ಚಿ ಹಾಕಿದಳು. ಜೊತೆಗೆ ಟೆಂಪಿಗೂ ಬಾಚಣಿಗೆ ಹಿಡಿಯಲು ಕಲಿಸಿದಳು. ಇಬ್ಬರೂ ದುಡಿದು, ವೈರು ಬದಲಿಸಿ, ಒಲೆ ಬದಲಿಸಿ, ವಸಂತಕ್ಕೆ ಮೊದಲೇ ಬೀಗ ತೆಗೆಸಿದರು. ಹೊಸ ಗಾಜು ಬಂತು. ಹಳೆಯ ತುಂಡು ಕನ್ನಡಿಯ ಪಕ್ಕ ಗೋಡೆಗೇರಿತು.

ಹೊಬಾರ್ಟ್ ಮಾತ್ರ ಕುಂಚ ಬಿಟ್ಟಿದ್ದ. ಸೆರೆಯಲ್ಲಿ ಯಾರೋ ಅವನ ಬಲಗೈ ಬೆರಳುಗಳನ್ನು ತುಳಿದಿದ್ದರು. ಲುವೀನಿಯಾ ಗಾಜನ್ನು ಬೋಳಾಗಿಯೇ ಇಟ್ಟಳು. ಬೇರೆಯವರಿಂದ ಬರೆಸು ಎಂದವರಿಗೆಲ್ಲ, "ನನ್ನ ಕೆಲಸದೋನು ಬರ್ತಾನೆ" ಎನ್ನುತ್ತಿದ್ದಳು. ಕೊನೆಗೊಂದು ಬೆಳಿಗ್ಗೆ ಅವನು ಡಬ್ಬ ಹಿಡಿದು ಬಂದ. ಗೋಡೆಯ ಮೇಲಿನ ತುಂಡನ್ನು ಬಹಳ ಹೊತ್ತು ನೋಡಿದ.

"ಪಾಲಿಷು ತೆಳುವಾಗೇ ಇತ್ತು ಸಿಸ್ಟರ್. ನೀವು ಹೇಳಿದ್ದು ಸರಿ."

ಅವಳಿಗೆ ಅಳು ಬಂತು. ಅತ್ತಳು. ಆಮೇಲೆ ಮೂಗು ಒರೆಸಿಕೊಂಡು, "'ಮಿಸೆಸ್ ಎಲ್. ಪ್ರಿಚೆಟ್' ಅಂತ ಬರಿ. ಅಷ್ಟೇ ಸಾಕು" ಎಂದಳು.

ಅವನ ಅಕ್ಷರ ಮೊದಲಿನಷ್ಟು ನೆಟ್ಟಗಿರಲಿಲ್ಲ. ಅರ್ಧ ಬರೆದಿದ್ದಾಗ ಬೀದಿ ತುದಿಯಲ್ಲಿ ಪೊಲೀಸ್ ಕಾರು ಕಾಣಿಸಿತು. ಕುಂಚ ನಿಂತಿತು. ಲುವೀನಿಯಾ ಬಾಚಣಿಗೆಯನ್ನು ಟೆಂಪಿಯ ಕೈಗೆ ಕೊಟ್ಟು, ಏಪ್ರನ್ನಿನಲ್ಲೇ ಹೊರಗೆ ಬಂದು, ಅವನಿಗೂ ಬೀದಿಗೂ ನಡುವೆ ನಿಂತಳು. ಕಾರು ನಿಧಾನ ಮಾಡಿತು. ಅವಳು ಕದಲಲಿಲ್ಲ. ಕಾರು ಹೋಯಿತು.

"ಒಳಗೆ ಹೋಗಿ ಸಿಸ್ಟರ್. ಗಿರಾಕಿ ಕಾಯ್ತಿದಾರೆ. ಇದು ಒಣಗಬೇಕು, ಆಮೇಲೆ ಎರಡನೇ ಕೋಟು" ಎಂದ ಹೊಬಾರ್ಟ್.

"ಒಣಗಲಿ. ಇಲ್ಲೇ ಇರ್ತೀನಿ" ಎಂದಳು ಅವಳು.