ಗೋಡೆ ಬದಿಯ ಎಲ್ಡರ್ ಗಿಡಗಳು

ಹೆಂಡತಿಯ ಉತ್ತರಕ್ರಿಯೆ ಮುಗಿಸಿ ನೆಂಟರೆಲ್ಲ ಹೊರಟುಹೋದ ಮರುದಿನದಿಂದ ನಾನು ಗಿಡಗಳಿಗೆ ನೀರು ಹಾಕತೊಡಗಿದೆ. ಬೇರೆ ಏನು ಮಾಡಬೇಕೆಂದು ಗೊತ್ತಿರಲಿಲ್ಲ.

ಭಾಂಡುಪ್‌ನಲ್ಲಿ ನಮ್ಮದು ನೆಲಮಹಡಿಯ ಮನೆ. ಅಡುಗೆಮನೆಯ ಹಿಂಬಾಗಿಲಿಗೂ ಕಂಪೌಂಡ್ ಗೋಡೆಗೂ ನಡುವೆ ನಾಲ್ಕು ಹೆಜ್ಜೆ ಅಗಲದ ಜಾಗವಿದೆ. ಅವಳು ಅದನ್ನು ತೋಟ ಎನ್ನುತ್ತಿದ್ದಳು. ಒಂದು ತುಳಸಿ, ಕಿಟಕಿಯ ಸರಳಿಗೆ ಹಬ್ಬಿಸಿದ ಬಸಳೆ, ಗೋಡೆಯ ಬದಿಗೆ ಸಾಲಾಗಿ ಮೂರು ಎಲ್ಡರ್ ಗಿಡ. ಅವಳ ಬಾಯಲ್ಲಿ ಅದು ‘ಎಲ್ಡ್ರು’. ಗಂಟೆಯ ಆಕಾರದ ಹಳದಿ ಹೂ ಗೊಂಚಲಾಗಿ ಬಿಡುತ್ತದೆ. ಅದನ್ನೇ ಯಾಕೆ ನೆಟ್ಟಳೆಂದು ನಾನು ಕೇಳಿದವನಲ್ಲ.

ಮಾಟುಂಗದ ಒಂದು ಹೋಟೆಲಿನಲ್ಲಿ ಮೂವತ್ತಾರು ವರ್ಷ ದೋಸೆಕಲ್ಲಿನ ಮುಂದೆ ನಿಂತವನು ನಾನು. ಬೆಳಗಿನ ಮೊದಲ ಲೋಕಲ್ ಹಿಡಿದು ಹೋದರೆ ತಿರುಗಿ ಬರುವಾಗ ದೀಪ ಹತ್ತಿರುತ್ತಿತ್ತು. ನಮ್ಮ ಹಿತ್ತಲು ಹಗಲಿನಲ್ಲಿ ಹೇಗಿರುತ್ತದೆಂದು ಸರಿಯಾಗಿ ನೋಡಿದ್ದು ಅವಳು ಹೋದ ಮೇಲೆಯೇ. ಮೂರು ದಿನದ ಜ್ವರ, ಅಷ್ಟೆ. ಧಣಿಗಳು ಬಂದು, “ಒಂದು ತಿಂಗಳು ಮನೆಯಲ್ಲೇ ಇರು ಮಾರಾಯ, ಕೆಲಸ ಎಲ್ಲಿಗೂ ಓಡಿಹೋಗುವುದಿಲ್ಲ” ಎಂದರು. ನಾನು ತಲೆಯಾಡಿಸಿದೆ.

ಅಳು ಬರಲಿಲ್ಲ. ಆಸ್ಪತ್ರೆಯಲ್ಲಿ ಹೇಳಿದಲ್ಲಿ ಸಹಿ ಹಾಕಿದೆ, ಭಟ್ಟರು ಹೇಳಿದಾಗ ಎದ್ದೆ, ಕೂತೆ. ಬಂದವರು ಕೈ ಹಿಡಿದು ಅತ್ತರು. ಅವರಿಗೆ ಚಹಾ ಬೇಕೇ ಎಂದು ಕೇಳಿದೆ. ಬಿಸಿ ಕಲ್ಲು ತಾಗಿ ತಾಗಿ ನನ್ನ ಬೆರಳ ತುದಿಗಳಿಗೆ ಸುಟ್ಟದ್ದು ಗೊತ್ತಾಗುವುದಿಲ್ಲ. ಈಗ ಮೈಯೆಲ್ಲ ಹಾಗೇ ಆಗಿತ್ತು.

ಬೆಳಿಗ್ಗೆ ನಳದಲ್ಲಿ ನೀರು ಬಂದಾಗ ಡ್ರಮ್ ತುಂಬಿಸಿ, ಒಂದೊಂದು ಗಿಡಕ್ಕೆ ನಾಲ್ಕು ಮಗ್ ನೀರು ಹೊಯ್ಯುತ್ತಿದ್ದೆ. ಹನ್ನೊಂದಕ್ಕೆ ಮತ್ತೆ. ಊಟದ ನಂತರ ಮತ್ತೆ. ಸಂಜೆ ಇನ್ನೊಂದು ಸಲ. ಹೊತ್ತು ಹೋಗಬೇಕಿತ್ತು. ಮಲಾಡ್‌ನಲ್ಲಿರುವ ಮಗಳು ದಿನಾ ಫೋನ್ ಮಾಡುತ್ತಿದ್ದಳು.

“ಪಪ್ಪಾ, ಊಟ ಆಯ್ತಾ? ಠೀಕ್ ಸೆ ತಿಂತಿದ್ದೀರಲ್ಲಾ?”

“ಆಯ್ತು.”

“ಏನ್ ಮಾಡ್ತಾ ಇದ್ದೀರಿ?”

“ಗಿಡಕ್ಕೆ ನೀರು ಹಾಕ್ತಾ ಇದ್ದೇನೆ.”

ಎರಡು ವಾರ ಕಳೆಯುವಷ್ಟರಲ್ಲಿ ಎಲ್ಡರ್ ಗಿಡದ ಎಲೆಗಳು ಹಳದಿಯಾಗಿ ಉದುರತೊಡಗಿದವು. ಬಾಡುತ್ತಿವೆಯೆಂದು ಇನ್ನೂ ಒಂದೊಂದು ಮಗ್ ಜಾಸ್ತಿ ಹಾಕಿದೆ. ಮೂಲೆಯ ಗಿಡ ಪೂರ್ತಿ ಬೋಳಾಯಿತು.

ನಮ್ಮ ಬಿಲ್ಡಿಂಗಿನ ವಾಚ್‌ಮನ್ ಬಾಗಲಕೋಟೆ ಕಡೆಯವರು, ನನಗಿಂತ ಎರಡು ಮೂರು ವರ್ಷ ದೊಡ್ಡವರು. ಒಂದು ಮಧ್ಯಾಹ್ನ ಪಂಪ್ ಬಂದ್ ಮಾಡಲು ಹಿಂದೆ ಬಂದವರು ನಿಂತು ನೋಡಿದರು.

“ಅಣ್ಣಾರ, ಒಂದ್ ಮಾತ ಹೇಳ್ತೀನ್ರಿ, ಸಿಟ್ಟ ಆಗಬ್ಯಾಡ್ರಿ. ನೀರ ಭಾಳ ಆಗೇತಿ. ಬೇರ ಕೊಳತಾವು.”

“ಒಣಗಿದ ಹಾಗೆ ಕಾಣ್ತದಲ್ಲ?”

“ಕೊಳತ್ರೂ ಹಂಗಽ ಕಾಣ್ತೈತ್ರೀ. ಮಣ್ಣಾಗ ಬಟ್ಟ ಇಟ್ಟ ನೋಡ್ರಿ.”

ಇಟ್ಟೆ. ಬೆರಳು ಬುಡದವರೆಗೆ ಹೂತುಹೋಯಿತು. ಕೆಸರು, ಹುಳಿ ವಾಸನೆ. ಅವರು ನನ್ನ ಕೈಯಿಂದ ಮಗ್ ಮೆಲ್ಲಗೆ ತೆಗೆದುಕೊಂಡು ಡ್ರಮ್ಮಿನ ಮೇಲಿಟ್ಟರು.

“ಆರ ದಿನ ಮುಟ್ಟಬ್ಯಾಡ್ರಿ” ಎಂದರು.

ಆ ಆರು ದಿನ ಕಳೆಯುವುದು ಕಷ್ಟವಾಯಿತು. ಹಿಂಬಾಗಿಲ ಮೆಟ್ಟಿಲ ಮೇಲೆ ಸುಮ್ಮನೆ ಕೂತಿರುತ್ತಿದ್ದೆ.

ಭಾನುವಾರ ಮಗಳು ಬಂದಳು. ಬೋಳು ಗಿಡ ನೋಡಿ, “ಅಯ್ಯೋ, ಮಮ್ಮಿಯ ಶರಬತ್ ಗಿಡ!” ಎಂದಳು.

“ಎಂಥ ಶರಬತ್ತು?”

“ನಿಮಗೆ ನೆನಪಿಲ್ವಾ? ನನ್ನ ರಿಸೆಪ್ಷನ್‌ನಲ್ಲಿ ಎಲ್ಡರ್‌ಫ್ಲವರ್ ಶರಬತ್ ಇತ್ತಲ್ಲ. ನೀವು ಮೂರು ಗ್ಲಾಸ್ ಕುಡಿದ್ರಿ. ಮನೆಗೆ ಬಂದು ಮಮ್ಮಿಗೆ ಹೇಳಿದ್ರಂತೆ, ಇಂಥದ್ದು ಜನ್ಮದಲ್ಲಿ ಕುಡಿದಿಲ್ಲ ಅಂತ. ಮಮ್ಮಿ ನನ್ನನ್ನು ಕರ್‌ಕೊಂಡು ಮಲಾಡ್‌ನ ಎಲ್ಲಾ ನರ್ಸರಿ ಸುತ್ತಿದ್ಲು.”

ನನಗೆ ನೆನಪಿರಲಿಲ್ಲ. ಶರಬತ್ತಿನ ರುಚಿಯೂ ನೆನಪಿಲ್ಲ, ಆ ಮಾತು ಹೇಳಿದ್ದೂ ನೆನಪಿಲ್ಲ.

“ಹಾಗಾದ್ರೆ ಅವಳು ಶರಬತ್ತು ಮಾಡಲೇ ಇಲ್ಲವಲ್ಲ?”

“ಇದು ಅದಲ್ಲ ಪಪ್ಪಾ. ಇದು ಯೆಲ್ಲೊ ಎಲ್ಡರ್, ಬೇರೆ ಗಿಡ. ಅದರ ಹೂ ಬಿಳಿ, ಇಷ್ಟಿಷ್ಟೇ ಚಿಕ್ಕದು. ಹೂ ಬಿಟ್ಟಾಗ ನಾನೇ ಫೋನ್‌ನಲ್ಲಿ ನೋಡಿ ಹೇಳಿದೆ, ಇದನ್ನ ಕುಡಿಯಬಾರದು ಅಂತ. ಮಮ್ಮಿ ಎಷ್ಟು ನಕ್ಕಳು! ಆಮೇಲೆ, ‘ಅವರಿಗೆ ಹೇಳಬೇಡ, ಪಾಪ, ಕಾಯ್ತಾ ಇರಬಹುದು’ ಅಂದ್ಲು.”

ನಾನು ಕಾಯುತ್ತಿರಲಿಲ್ಲ. ಅದನ್ನು ಮಗಳಿಗೆ ಹೇಳಲಿಲ್ಲ. ಅವಳು ಮುಖ ತಿರುಗಿಸಿ ಮೂಗು ಒರೆಸಿಕೊಳ್ಳುತ್ತಿದ್ದಳು. ನಾನೂ ಅತ್ತರೆ ಚೆನ್ನಾಗಿತ್ತು ಎಂದುಕೊಂಡೆ. ಕಣ್ಣು ಒಣಗಿಯೇ ಇತ್ತು.

ವಾಚ್‌ಮನ್ ಸಣ್ಣದೊಂದು ಗುದ್ದಲಿ ತಂದುಕೊಟ್ಟರು. ಮೂಲೆಯ ಗಿಡವನ್ನು ನಾನೇ ಕಿತ್ತೆ; ಬೇರು ಕೈಗೆ ಹಸಿ ಹತ್ತಿಯಂತೆ ಬಂತು. ಉಳಿದೆರಡರ ಬುಡಕ್ಕೆ ಒಣ ಮಣ್ಣು ಹಾಕಿದೆವು. ಒಂದರ ಕಾಂಡದಲ್ಲಿ ಅಕ್ಕಿಕಾಳಿನಷ್ಟು ಚಿಗುರು ಕಂಡಿತು. ಇನ್ನೊಂದರದ್ದು ಹೇಳಲು ಬರುವುದಿಲ್ಲ ಎಂದರು ಅವರು.

ಕೈ ತೊಳೆದು ಒಳಗೆ ಬಂದಾಗ ಎರಡು ಗಂಟೆ ದಾಟಿತ್ತು. ಮಗಳು ಹಿಟ್ಟು ತಂದಿದ್ದಳು. ಕಲ್ಲು ಕಾಯಲಿಟ್ಟು ಮೂರು ಜನಕ್ಕೂ ದೋಸೆ ಹೊಯ್ದೆ. ವಾಚ್‌ಮನ್ ಹಿಂಬಾಗಿಲ ಮೆಟ್ಟಿಲ ಮೇಲೆ ಕೂತು ನಾಲ್ಕು ತಿಂದರು. ಆಮೇಲೆ ನನಗೂ ಹಸಿವಾಯಿತು.